ಆರಿಂಚಿನ ಜಗಳ

ಹೋದ ಡಿಸೆಂಬರಿನಲ್ಲಿ ನಮ್ಮ ಮನೆಯಲ್ಲಿ ದಿನಾ ರಾತ್ರಿ ಎರಡೂವರೆ ಹೊತ್ತಿಗೆ ಒಂದು ಜಗ್ಗಾಟ ನಡೆಯುತ್ತಿತ್ತು. ನಾನು ಎಡಕ್ಕೆ ಎಳೆಯುವುದು, ನಮ್ಮನೆಯವರು ನಿದ್ದೆಗಣ್ಣಲ್ಲೇ ಬಲಕ್ಕೆ ಎಳೆಯುವುದು. ಬೆಳಿಗ್ಗೆ ಎದ್ದರೆ ಇಬ್ಬರ ಬೆನ್ನೂ ತಣ್ಣಗೆ. ಹೊಸ ಕಂಫರ್ಟರ್ ತಂದು ಇನ್ನೂ ನಾಲ್ಕು ದಿನ ಆಗಿತ್ತು ಅಷ್ಟೇ.

ತಪ್ಪು ನನ್ನದೇ. ಆನ್‌ಲೈನಲ್ಲಿ 'ಡಬಲ್ ಬೆಡ್ ಕಂಫರ್ಟರ್' ಅಂತ ಹಾಕಿದ್ದರು, ನಮ್ಮದೂ ಡಬಲ್ ಬೆಡ್ಡೇ, ಬಣ್ಣ ಬೇರೆ ಚೆನ್ನಾಗಿತ್ತು, ಇನ್ನೇನು ನೋಡುವುದು ಅಂತ ಆರ್ಡರ್ ಮಾಡಿಬಿಟ್ಟೆ. ಚೀಟಿ ಓದಿದ್ದು ಜಗಳ ಶುರುವಾದ ಮೇಲೆ. 84 ಇಂಚು ಅಗಲ, 90 ಇಂಚು ಉದ್ದ. ನಮ್ಮ ಮಂಚ ಬಡಗಿ ಹತ್ತಿರ ಮಾಡಿಸಿದ್ದು, ಆರಡಿ ಅಗಲ, ಆರೂವರೆ ಅಡಿ ಉದ್ದ, ಅಂದರೆ 72ಕ್ಕೆ 78 ಇಂಚು. ಅಂಗಡಿಯಲ್ಲಿ ಕಿಂಗ್ ಸೈಜ್ ಅನ್ನುವುದು ಇದಕ್ಕೇ. ಐದಡಿ ಅಗಲ ಇದ್ದರೆ ಕ್ವೀನ್, ನಾಲ್ಕಡಿ ಇದ್ದರೆ ಡಬಲ್. ಹಾಸಿಗೆ ಮಾರುವವರು ಇಷ್ಟು ಲೆಕ್ಕ ಇಟ್ಟಿರುತ್ತಾರೆ, ಹೊದಿಕೆ ಮಾರುವವರು ಮಾತ್ರ ಎಷ್ಟೋ ಸಲ ಮೂರನ್ನೂ ಸೇರಿಸಿ ಡಬಲ್ ಅಂದುಬಿಡುತ್ತಾರೆ!

84ರಲ್ಲಿ 72 ಕಳೆದರೆ 12, ಒಂದೊಂದು ಪಕ್ಕಕ್ಕೆ ಆರಿಂಚು. ನಮ್ಮ ಹಾಸಿಗೆಯ ದಪ್ಪವೇ 8 ಇಂಚು. ಯಾರೂ ಮಲಗದೆ ಸುಮ್ನೆ ಹಾಸಿದರೂ ಪಕ್ಕ ಪೂರ್ತಿ ಮುಚ್ಚುವುದಿಲ್ಲ, ಇನ್ನು ಒಳಗೆ ಇಬ್ಬರು ಸೇರಿದರೆ ಕೇಳಬೇಕಾ.

ಅಷ್ಟರಲ್ಲಿ ಧಾರವಾಡದಿಂದ ಅವ್ವ ಬಂದಳು. ಮೊದಲ ದಿನ ಬೆಳಿಗ್ಗೆ ಚಹಾ ಕುಡಿಯುತ್ತಾ ನನ್ನ ಮುಖ ನೋಡಿ, "ಏನವಾ, ರಾತ್ರಿಯೆಲ್ಲಾ ಗುದ್ದಾಡಿದ್ರೇನು?" ಅಂದಳು. ನಾನು ಇಂಚಿನ ಲೆಕ್ಕ ಎಲ್ಲ ಹೇಳಿದೆ. ಪೂರ್ತಿ ಕೇಳಿಸಿಕೊಂಡು ಅವಳು ಕೇಳಿದ್ದು ಒಂದೇ: "ಮಂಚಕ್ಕ ಹೊದಸ್ತಿಯೋ, ಮಂದಿಗೆ ಹೊದಸ್ತಿಯೋ?"

ನನಗೆ ತಕ್ಷಣ ಊರಿನ ಕೌದಿ ನೆನಪಾಯಿತು. ಹಳೆ ಸೀರೆ, ಧೋತರ ಪದರ ಪದರ ಇಟ್ಟು ಅಂಗಳದಲ್ಲಿ ಹಾಸಿಕೊಂಡು ಹೊಲಿಯುತ್ತಿದ್ದರು. ಹೊಲಿಯಲು ಬರುತ್ತಿದ್ದ ಅಜ್ಜಿ ಮಂಚದ ಅಳತೆ ಕೇಳಿದ್ದೇ ಇಲ್ಲ. ಅರ್ಧಕ್ಕರ್ಧ ಜನರ ಮನೆಯಲ್ಲಿ ಮಂಚವೇ ಇರಲಿಲ್ಲ ಬಿಡಿ. ಒಬ್ಬರಿಗೋ, ಇಬ್ಬರಿಗೋ, ಕೂಸು ಜೊತೆಗೆ ಮಲಗುತ್ತದೋ ಅಂತ ಕೇಳಿ, ಮೊಳ ಹಾಕಿ, ಶುರು ಮಾಡುತ್ತಿದ್ದಳು.

ಅವ್ವ ಅಲ್ಲಿಗೇ ಬಿಡಲಿಲ್ಲ. ಭಾನುವಾರ ಊಟ ಆದ ಮೇಲೆ ನಮ್ಮನೆಯವರಿಗೆ, "ಅಳಿಯಾರ, ಒಂದೈದು ನಿಮಿಷ ಅಡ್ಡಾಗ್ರಿ" ಅಂದಳು. ಮೈಸೂರಿನವರು, ಅತ್ತೆ ಮುಂದೆ ಮಲಗಬೇಕಲ್ಲ ಅಂತ ನಾಚಿಕೊಂಡು ಶವಾಸನದ ಹಾಗೆ ನೆಟ್ಟಗೆ ಮಲಗಿದರು. ಪಕ್ಕದಲ್ಲಿ ನಾನು. ಅವ್ವ ನನ್ನ ಹೊಲಿಗೆ ಡಬ್ಬಿಯಿಂದ ಟೇಪು ತಂದು ಹಾಸಿಗೆಯ ಒಂದು ಅಂಚಿನಿಂದ ನಮ್ಮ ಮೈ ಮೇಲೆ ಹಾಯಿಸಿದಳು. ದರ್ಜಿ ಟೇಪು 60 ಇಂಚಿಗೇ ಮುಗಿಯುತ್ತದೆ, ಅವರ ಹೊಟ್ಟೆ ದಾಟಿ ಸ್ವಲ್ಪ ದೂರಕ್ಕೆ ನಿಂತಿತು. ಆಮೇಲೆ ಹೂ ಕಟ್ಟುವ ದಾರ ಬಂತು. ನೆಟ್ಟಗೆ ಮಲಗಿದಾಗ ಅಂಚಿನಿಂದ ಅಂಚಿಗೆ 88. ನಮ್ಮನೆಯವರು ದಿನಾ ಮಲಗುವ ಹಾಗೆ ಮಗ್ಗುಲಾಗಿ ಮೊಣಕಾಲು ಮಡಚಿದಾಗ 97. ಬಾಗಿಲಲ್ಲಿ ನಿಂತಿದ್ದ ಮಗ ಬಿದ್ದು ಬಿದ್ದು ನಕ್ಕ. ಫೋಟೊ ತೆಗೆದಿದ್ದಾನೆ, ಕೇಳಿದರೆ ಡಿಲೀಟ್ ಮಾಡಿದೆ ಅನ್ನುತ್ತಾನೆ.

ಒಂದು ಉಪಾಯ ಅವ್ವನೇ ಹೇಳಿದಳು, ಕಂಫರ್ಟರನ್ನು ತಿರುಗಿಸಿ ಹಾಸು ಅಂತ. 90 ಇಂಚು ಅಗಲಕ್ಕೆ, 84 ಉದ್ದಕ್ಕೆ. ದಿಂಬಿನ ಜಾಗಕ್ಕೆ ಹೊದಿಕೆ ಯಾಕೆ ಬೇಕು, ಕತ್ತಿನವರೆಗೆ ಬಂದರೆ ಸಾಕಲ್ವಾ, ಆರಡಿ ಎತ್ತರದವರಿಗೂ 84 ಧಾರಾಳ. ಇಷ್ಟು ಸಣ್ಣ ವಿಷಯ ನನಗೆ ಹೊಳೆದಿರಲಿಲ್ಲ. ಜಗಳ ಕಮ್ಮಿಯಾಯಿತು, ನಿಲ್ಲಲಿಲ್ಲ. 97 ಬೇಕಾದಲ್ಲಿ 90 ಇದ್ದರೆ ಇನ್ನೇನಾಗುತ್ತದೆ.

ಅಂಗಡಿಗೆ ಹೋದರೆ 108ಕ್ಕೆ 108ರದ್ದು ಇತ್ತು. ಅಂಗಡಿಯ ಹುಡುಗ 300 ಜಿಎಸ್‌ಎಂ ತಗೊಳ್ಳಿ ಮೇಡಂ, ಚೆನ್ನಾಗಿ ಬೆಚ್ಚಗಿರುತ್ತೆ ಅಂದ. ಜಿಎಸ್‌ಎಂ ಅಂದರೆ ಒಂದು ಚದರ ಮೀಟರಿಗೆ ಎಷ್ಟು ಗ್ರಾಂ ಅನ್ನುವ ಲೆಕ್ಕ. ಬೆಂಗಳೂರಿನ ಚಳಿ ಅಂದರೆ ರಾತ್ರಿ 15 ಡಿಗ್ರಿ ಆಸುಪಾಸು, ಕಿಟಕಿ ಮುಚ್ಚಿದರೆ ಅದೂ ಇಲ್ಲ. ನಮಗೆ 200 ಇದ್ದರೆ ಜಾಸ್ತಿಯೇ. ಅದೂ ಹೋಗಲಿ, ಅಷ್ಟು ದೊಡ್ಡದನ್ನು ಒಗೆಯುವುದು ಎಲ್ಲಿ? ನಮ್ಮ ಮಷೀನು ಆರೂವರೆ ಕೇಜಿಯದ್ದು. ತೂಕ ತಡೆದೀತು, ಆದರೆ ಆ ಉಬ್ಬಿದ ಮೂಟೆ ಡ್ರಮ್ಮಿನಲ್ಲಿ ತಿರುಗಲು ಜಾಗ ಬೇಕಲ್ಲ. ಒಣಗಿಸುವುದಕ್ಕೆ ಬಾಲ್ಕನಿಯೂ ಅಷ್ಟಕ್ಕಷ್ಟೇ.

ದಾರಿ ತೋರಿಸಿದ್ದು ಜರ್ಮನಿಯಲ್ಲಿರುವ ನಾದಿನಿ. ಫೋನಿನಲ್ಲಿ ಈ ದಾರದ ಕಥೆ ಕೇಳಿ ನಕ್ಕು ಸುಸ್ತಾಗಿ, "ಅತ್ತಿಗೆ, ಇಲ್ಲಿ ಗಂಡ ಹೆಂಡತಿಗೆ ಒಂದೇ ಮಂಚ ಆದ್ರೂ ಸಾಮಾನ್ಯವಾಗಿ ಹೊದಿಕೆ ಬೇರೆ ಬೇರೆ" ಅಂದಳು. ಒಬ್ಬೊಬ್ಬರಿಗೆ 135 ಸೆಂಟಿಮೀಟರ್ ಅಗಲ, 200 ಉದ್ದ, ಅಲ್ಲಿ ಅದೇ ಮಾಮೂಲಿ ಅಳತೆಯಂತೆ.

ಹಾಗಾಗಿ ಎರಡು ಸಿಂಗಲ್ ತಂದೆವು, 60ಕ್ಕೆ 90 ಇಂಚಿನದ್ದು. ಸೇರಿಸಿದರೆ 120 ಇಂಚು, ಮಷೀನಿಗೆ ಒಂದೊಂದೇ ಹೋಗುತ್ತದೆ, ಅವರದ್ದು ದಪ್ಪ, ನನ್ನದು ತೆಳು. ಒಂದೇ ಬಣ್ಣದ್ದು ಎರಡು ಸಿಗಲಿಲ್ಲ, ಮಂಚ ಅರ್ಧ ನೀಲಿ ಅರ್ಧ ಕಂದು ಕಾಣುತ್ತದೆ. ಮನೆಗೆ ಬಂದವರು ನೋಡಿದರೆ ಏನಂದುಕೊಳ್ಳುತ್ತಾರೋ ಅಂತ ಅವ್ವನಿಗೆ ಒಂದು ಕೊರಗು, ಹಗಲು ಅದರ ಮೇಲೆ ಚಾದರ ಎಳೆದುಬಿಡುತ್ತಿದ್ದಳು.

ಹಳೆಯದು ಹಾಲ್‌ನ ದಿವಾನಕ್ಕೆ ಹೋಯಿತು. ನಾಲ್ಕಡಿ ಅಗಲದ ದಿವಾನ, ಹೇಳಿ ಮಾಡಿಸಿದ ಹಾಗಿದೆ. ಮಗ ಈಗ ಅಲ್ಲೇ ಮಲಗುತ್ತಾನೆ, ಆ 84 ಇಂಚೂ ಒಬ್ಬನೇ ಸುತ್ತಿಕೊಂಡು.