ನಮ್ಮ ರೀಲು ಮೇಷ್ಟ್ರು

ನಮ್ಮ ಫಿಸಿಕ್ಸ್ ಮೇಷ್ಟ್ರು ಹೋದ ತಿಂಗಳು ತೀರಿಕೊಂಡರು. ಎಂಬತ್ತರ ದಶಕದಲ್ಲಿ ಈ ಕಾಲೇಜಿನಲ್ಲಿ ಓದಿದವರಿಗೆ ‘ರೀಲು ಮೇಷ್ಟ್ರು’ ಅಂದರೆ ಸಾಕು, ಗೊತ್ತಾಗುತ್ತದೆ. ಅವರು ಪಾಠ ಮಾಡಿದ್ದರಲ್ಲಿ ಒಂದಕ್ಷರವೂ ನನಗೆ ನೆನಪಿಲ್ಲ. ಶನಿವಾರ ಸಂಜೆ ಕಾಲೇಜ್ ಹಾಲ್‌ನ ಕಿಟಕಿಗಳಿಗೆ ಕಪ್ಪು ಬಟ್ಟೆ ಕಟ್ಟಿಸಿ, 16 ಎಂಎಂ ಪ್ರೊಜೆಕ್ಟರಿಗೆ ರೀಲು ಹಾಕುತ್ತಿದ್ದ ಅವರ ಕೈಗಳು ಮಾತ್ರ ಚೆನ್ನಾಗಿ ನೆನಪಿವೆ. ಫಿಲ್ಮಿನ ಅಂಚು ಬಿಟ್ಟು ಬೇರೆಲ್ಲೂ ಬೆರಳು ತಾಗಿಸುತ್ತಿರಲಿಲ್ಲ. ನಾವು ಹತ್ತಿರ ಹೋದರೆ, ‘ಮೊದ್ಲು ಬೋಂಡದ ಎಣ್ಣೆ ಒರೆಸ್ಕೊಂಡು ಬನ್ರೋ’ ಅನ್ನುತ್ತಿದ್ದರು.

ಸಿನಿಮಾ ನಿರ್ದೇಶಕ ಎಂ.ಎಸ್. ಸತ್ಯು ಅಂದರೆ ಅವರಿಗೆ ಪ್ರಾಣ. ಮೈಸೂರಿನ ಹುಡುಗನೊಬ್ಬ ಬಿಎಸ್ಸಿ ಅರ್ಧಕ್ಕೇ ಬಿಟ್ಟು 1952ರಲ್ಲಿ ಬೊಂಬಾಯಿಗೆ ಹೋದ ಕಥೆಯನ್ನು ಬಿಎಸ್ಸಿ ಕ್ಲಾಸಿನಲ್ಲೇ ಹೇಳುತ್ತಿದ್ದರು! ಮೊದಲು ಆನಿಮೇಷನ್ ಕೆಲಸ. ಆಮೇಲೆ ಹಿಂದಿ ನಿರ್ದೇಶಕ ಚೇತನ್ ಆನಂದ್ ಹತ್ತಿರ ಸಹಾಯಕ. ಅವರ ಸಿನಿಮಾ ‘ಹಕೀಕತ್’ಗೆ ಕಲಾ ನಿರ್ದೇಶನ ಮಾಡಿ ಫಿಲ್ಮ್‌ಫೇರ್ ಪ್ರಶಸ್ತಿ. ಜೊತೆಗೆ ನಾಟಕಗಳ ರಂಗಸಜ್ಜಿಕೆ, ನಿರ್ದೇಶನ. ಮುಂದೆ ಕನ್ನಡದಲ್ಲಿ ‘ಕನ್ನೇಶ್ವರ ರಾಮ’, ‘ಬರ’ ಸಿನಿಮಾಗಳು.

ಒಂದು ಶನಿವಾರ ಸತ್ಯು ಅವರದೇ ‘ಗರ್ಮ್ ಹವಾ’ ಬಂತು, ದೇಶ ವಿಭಜನೆಯ ಕಾಲದ ಆಗ್ರಾದ ಮುಸ್ಲಿಂ ಕುಟುಂಬವೊಂದರ ಕಥೆ. ನಮಗೆ ಉರ್ದು ಅಷ್ಟಕ್ಕಷ್ಟೆ. ಹಾಸ್ಟೆಲಿನ ನಾವು ನಾಲ್ಕೈದು ಜನ ಸ್ಪೀಕರಿನ ವೈರು ಕಿತ್ತು, ಪರದೆಯ ಹಿಂದೆ ಕೂತು ಕನ್ನಡದಲ್ಲಿ ಡಬ್ಬಿಂಗ್ ಶುರು ಮಾಡಿದೆವು. ಹವೇಲಿ ಬಿಟ್ಟು ಬರಲಾರೆ ಅಂತ ಹಟ ಹಿಡಿಯುವ ಅಜ್ಜಿಗೆ ನನ್ನದೇ ದನಿ: ‘ಪಿಂಚಣಿ ಬರೋವರ್ಗೂ ಕದಲಲ್ಲ ಕಣ್ರೋ!’ ಇಡೀ ಹಾಲ್ ಬಿದ್ದು ಬಿದ್ದು ನಕ್ಕಿತು. ಮುಂದಿನ ಸಾಲಿನಲ್ಲಿದ್ದ ಪ್ರಿನ್ಸಿಪಾಲರು ಎದ್ದು ನಿಂತರು.

ಮೇಷ್ಟ್ರು ಬಂದು ವೈರು ಸಿಕ್ಕಿಸಿದರು. ಬೈಯಲಿಲ್ಲ. ಈ ಸಿನಿಮಾದ ಶೂಟಿಂಗಿಗೂ ಸೌಂಡ್ ರೆಕಾರ್ಡಿಂಗ್ ಸಲಕರಣೆ ಇರಲಿಲ್ಲ, ಮಾತೆಲ್ಲ ಆಮೇಲೆ ಸೇರಿಸಿದ್ದು ಅಂದರು. ನಾಯಕನ ಪಾತ್ರ ಮಾಡಿದ್ದ ಬಲರಾಜ್ ಸಾಹ್ನಿ ಡಬ್ಬಿಂಗ್ ಮುಗಿಸಿದ ಮಾರನೇ ದಿನವೇ ತೀರಿಕೊಂಡರಂತೆ. ಆಗ್ರಾದಲ್ಲಿ ಶೂಟಿಂಗಿಗೆ ಗಲಾಟೆ ಮಾಡುವವರ ದಾರಿ ತಪ್ಪಿಸಲು ಫಿಲ್ಮೇ ಇಲ್ಲದ ಕ್ಯಾಮೆರಾ ಕೊಟ್ಟು ಇನ್ನೊಂದು ತಂಡವನ್ನು ಬೇರೆ ಕಡೆ ಕಳಿಸಿದ್ದರಂತೆ. ಸೆನ್ಸಾರಿನಲ್ಲಿ ತಿಂಗಳುಗಟ್ಟಲೆ ಸಿಕ್ಕಿಹಾಕಿಕೊಂಡು, ಕೊನೆಗೆ 1974ರಲ್ಲಿ ಮೊದಲು ತೆರೆ ಕಂಡಿದ್ದು ನಮ್ಮ ಬೆಂಗಳೂರಿನಲ್ಲಿ. ‘ನಿಮ್ಮ ತಲೆಹರಟೆಗೂ ಒಂದು ಕಸುಬಿದೆ ಕಣ್ರೋ. ಹೋಗಿ ಕಲೀರಿ’ ಅಂದರು. ಆ ಖಾಲಿ ಕ್ಯಾಮೆರಾ ನನ್ನ ತಲೆಯಲ್ಲಿ ಕೂತುಬಿಟ್ಟಿತು.

ನಾನೂ ಆಮೇಲೆ ಮದುವೆ ವಿಡಿಯೋ ಮಾಡಿದೆ, ರೇಷ್ಮೆ ಹುಳು ಸಾಕಣೆ ಬಗ್ಗೆ ಸಾಕ್ಷ್ಯಚಿತ್ರ ಮಾಡಿದೆ, ಧಾರಾವಾಹಿಗೆ ಸೆಟ್ ಹಾಕಿದೆ. ನನ್ನದೇ ದುಡ್ಡಿನಲ್ಲಿ ಎರಡು ಸಿನಿಮಾ ತೆಗೆದೆ. ಒಂದಕ್ಕೆ ಬಹುಮಾನವೂ ಬಂತು. ಪೇಪರಿನಲ್ಲಿ ಬಂದ ಫೋಟೋ ಕಳಿಸಿದ್ದೇನೆ, ಜಾಗವಿದ್ದರೆ ಸಂಪಾದಕರು ಹಾಕಿಕೊಳ್ಳಲಿ. ಇನ್ನೊಂದನ್ನು ಮೇಷ್ಟ್ರು ಮನೆಯಲ್ಲಿ ಕೂತು ಪೂರ್ತಿ ನೋಡಿ, ‘ಉದ್ದ ಜಾಸ್ತಿ ಆಯ್ತಲ್ವಾ?’ ಅಂದರು. ಜಾಸ್ತಿ ಏನಾಗಿಲ್ಲ ಅಂತ ನಾನು ಈಗಲೂ ವಾದ ಮಾಡುತ್ತೇನೆ.

ಈಗ ಕಾಲೇಜುಗಳಲ್ಲಿ ಗೋಡೆಗೊಂದು ಸ್ಮಾರ್ಟ್ ಬೋರ್ಡ್. ಆದರೆ ಎರಡು ಗಂಟೆ ಸುಮ್ನೆ ಕತ್ತಲಲ್ಲಿ ಕೂತು ಸಿನಿಮಾ ನೋಡಿ ಅಂತ ಮಕ್ಕಳಿಗೆ ಯಾರು ಬಿಡುತ್ತಾರೆ? ಇಂಟರ್ನಲ್ಸು, ಅಸೈನ್‌ಮೆಂಟು, ಹಾಜರಾತಿ. ತಲೆಹರಟೆ ಮಾಡೋದಕ್ಕೂ ಪುರುಸೊತ್ತಿಲ್ಲ, ಪಾಪ.

ಆ ಪ್ರೊಜೆಕ್ಟರ್ ಇನ್ನೂ ಫಿಸಿಕ್ಸ್ ಲ್ಯಾಬಿನ ಅಟ್ಟದ ಮೇಲಿದೆಯಂತೆ. ದಯವಿಟ್ಟು ಗುಜರಿಗೆ ಹಾಕಬೇಡಿ. ಅದರ ಬೆಲ್ಟು, ಬಲ್ಬು ಗೊತ್ತಿರುವ ಮೆಕ್ಯಾನಿಕ್ ಒಬ್ಬರು ನನಗೆ ಪರಿಚಯ. ಖರ್ಚು ನನ್ನದು. ಯಾವ ದಿನ ಬರಬೇಕು ಅಂತ ಪ್ರಿನ್ಸಿಪಾಲರು ತಿಳಿಸಿದರೆ ಸಾಕು.