ಕೆನಡಾದ ರಾಕೀಸ್: ಸ್ವಂತ ಗೈಡ್ ಇಟ್ಟುಕೊಂಡು ಹೋಗುವವರಿಗೆ ಒಂದಿಷ್ಟು ಮಾತು

ಕೆನಡಾದ ಆಲ್ಬರ್ಟಾ ಪ್ರಾಂತ್ಯದ ಕ್ಯಾಲ್ಗರಿಯಲ್ಲಿ ನೆಂಟರಿರುವವರು ರಾಕೀಸ್ ಬೆಟ್ಟಸಾಲಿನ ಬ್ಯಾನ್ಫ್ ನೋಡುವುದನ್ನು ಸಾಮಾನ್ಯವಾಗಿ ಒಂದೇ ದಿನದಲ್ಲಿ ಮುಗಿಸುತ್ತಾರೆ. ಬೆಳಿಗ್ಗೆ ಕಾರು ಹತ್ತಿ, ಲೇಕ್ ಲೂಯಿಸ್ ಮುಂದೆ ಫೋಟೋ ತೆಗೆಸಿಕೊಂಡು, ರಾತ್ರಿ ಊಟಕ್ಕೆ ಮನೆಗೆ ವಾಪಸ್. ಬ್ಯಾನ್ಫ್ ಪಟ್ಟಣಕ್ಕೆ ಅಲ್ಲಿಂದ ಒಂದೂವರೆ ಗಂಟೆಯ ದಾರಿ ಅಷ್ಟೇ, ಆಗುತ್ತದೆ ಕೂಡ. ಆದರೆ ಅಪ್ಪ, ಅಮ್ಮ ಬೆಂಗಳೂರಿನಿಂದ ಅಷ್ಟು ದೂರ ಬರುತ್ತಿದ್ದರು. ಅವರನ್ನು ಹೀಗೆ ಓಡಿಸಿಕೊಂಡು ತೋರಿಸುವುದು ಬೇಡ ಅನ್ನಿಸಿತು. ಬ್ಯಾನ್ಫ್, ಯೋಹೋ, ಜಾಸ್ಪರ್ ಈ ಮೂರು ರಾಷ್ಟ್ರೀಯ ಉದ್ಯಾನಗಳನ್ನು ನಮ್ಮ ಮನೆಯವರಿಗೇ ಅಂತ ಒಂದು ವ್ಯಾನು, ಒಬ್ಬ ಗೈಡ್ ಗೊತ್ತುಮಾಡಿಕೊಂಡು ನಿಧಾನವಾಗಿ ನೋಡಿದೆವು.

ಮೊದಲು ಎಲ್ಲರೂ ಕೇಳುವ ಪ್ರಶ್ನೆಗೆ ಉತ್ತರ ಹೇಳಿಬಿಡುತ್ತೇನೆ. ಕಾರು ಬಾಡಿಗೆಗೆ ತಗೊಂಡು ನಾವೇ ಓಡಿಸಬಾರದಾ? ಧಾರಾಳವಾಗಿ ಓಡಿಸಬಹುದು. ರಸ್ತೆ ಚೆನ್ನಾಗಿದೆ, ಬೋರ್ಡುಗಳಿವೆ, ಖರ್ಚೂ ಎಷ್ಟೋ ಕಡಿಮೆ. ಮೂವತ್ತರ ವಯಸ್ಸಿನ ನಾಲ್ವರು ಗೆಳೆಯರು ಹೊರಟಿದ್ದರೆ ಗೈಡ್ ಬೇಡವೇ ಬೇಡ. ಮಂಡಿ ನೋವಿನ ಅಮ್ಮ, ಚಿಕ್ಕ ಮಗು, ರಸ್ತೆಯ ಬಲಗಡೆ ಓಡಿಸಿ ಅಭ್ಯಾಸವಿಲ್ಲದ ಡ್ರೈವರ್ ಎಲ್ಲ ಒಟ್ಟಿಗೆ ಸೇರಿದರೆ ಲೆಕ್ಕ ಬೇರೆಯಾಗುತ್ತದೆ. ಲೇಕ್ ಲೂಯಿಸ್ ಹತ್ತಿರವೇ ಇರುವ ಮೊರೇನ್ ಲೇಕ್ ಅನ್ನುವ ಕೆರೆಯದು ಇನ್ನೊಂದು ಕಥೆ. 2023ರಿಂದ ಆ ರಸ್ತೆಗೆ ಸ್ವಂತ ವಾಹನ ಬಿಡುವುದಿಲ್ಲ. ರಾಷ್ಟ್ರೀಯ ಉದ್ಯಾನಗಳನ್ನು ನೋಡಿಕೊಳ್ಳುವ ಸರ್ಕಾರಿ ಸಂಸ್ಥೆ ಪಾರ್ಕ್ಸ್ ಕೆನಡಾದ ಶಟಲ್ ಬಸ್ಸು ಹಿಡಿಯಬೇಕು, ಇಲ್ಲವೇ ಪರವಾನಗಿ ಇರುವ ಟೂರ್ ವಾಹನದಲ್ಲಿ ಹೋಗಬೇಕು. ಶಟಲ್ ಸೀಟುಗಳಲ್ಲಿ ಒಂದಷ್ಟನ್ನು ವಸಂತದಲ್ಲೇ ಬುಕಿಂಗಿಗೆ ಬಿಡುತ್ತಾರೆ, ಉಳಿದದ್ದನ್ನು ಪ್ರಯಾಣಕ್ಕೆ ಎರಡು ದಿನ ಇರುವಾಗ ಬೆಳಿಗ್ಗೆ ಬಿಡುತ್ತಾರೆ. ಬೇಸಿಗೆಯಲ್ಲಿ ಅದಕ್ಕೆ ನಮ್ಮ ತತ್ಕಾಲ್ ಟಿಕೆಟ್ಟಿನ ಹಾಗೆಯೇ ನುಗ್ಗಾಟ.

ಖಾಸಗಿ ಟೂರ್‌ಗೆ ಕೊಡುವ ದುಡ್ಡು ಮುಖ್ಯವಾಗಿ ಹೋಗುವುದು ನಮ್ಮ ಹೊತ್ತಿಗೆ ನಾವೇ ಯಜಮಾನರಾಗಿರುವುದಕ್ಕೆ. ಎಷ್ಟು ಗಂಟೆಗೆ ಹೊರಡಬೇಕು, ಎಲ್ಲಿ ಎಷ್ಟು ಹೊತ್ತು ಕೂರಬೇಕು ಎಲ್ಲ ನಮ್ಮ ಕೈಯಲ್ಲಿ. ಆ ಹೊತ್ತನ್ನೇ ತಗೊಂಡುಹೋಗಿ ದಿನಕ್ಕೆ ಹತ್ತು ಜಾಗಕ್ಕೆ ಹಂಚಿದರೆ ಬಸ್ ಟೂರೇ ವಾಸಿ, ಕಡಿಮೆ ಖರ್ಚಿನಲ್ಲಿ ಅದೇ ಸುಸ್ತು. ಕಂಪನಿಯವರು ಮೊದಲು ಕಳಿಸುವ ಪಟ್ಟಿ ಯಾವಾಗಲೂ ಉದ್ದವಾಗಿಯೇ ಇರುತ್ತದೆ, ಓದುವವರಿಗೆ ಖುಷಿಯಾಗಲಿ ಅಂತ. ಅದರಲ್ಲಿ ಅರ್ಧ ಹೊಡೆದುಹಾಕಿ. ನಾವು ದಿನಕ್ಕೆ ಮೂರು ಜಾಗ ಅಂತ ಗೆರೆ ಎಳೆದೆವು. ದಾರಿಯಲ್ಲಿ ಏನಾದರೂ ಕಂಡರೆ ಅದು ಲಾಭ.

ಕಂಪನಿ ಆರಿಸುವಾಗ ಏನು ನೋಡಬೇಕು? ರಾಷ್ಟ್ರೀಯ ಉದ್ಯಾನದೊಳಗೆ ಟೂರ್ ನಡೆಸಲು ಪಾರ್ಕ್ಸ್ ಕೆನಡಾ ಕೊಡುವ ವ್ಯಾಪಾರ ಪರವಾನಗಿ ಬೇಕೇಬೇಕು. ಇದೆಯಾ ಅಂತ ನೇರವಾಗಿ ಕೇಳಿ. ಇರುವವರು ತಕ್ಷಣ ಹೇಳುತ್ತಾರೆ. ಎರಡನೆಯದು, ಬರುವವರು ಬರೀ ಡ್ರೈವರ್ರೋ, ಗೈಡೋ? ಇದು ದೊಡ್ಡ ವ್ಯತ್ಯಾಸ. ಕಾಡಿನ ದಾರಿಯಲ್ಲಿ ನಿಮ್ಮ ಜೊತೆ ನಡೆದು ಬರಲು ತರಬೇತಿ ಪಡೆದ ಗೈಡೇ ಬೇಕು. ಡ್ರೈವರ್ ಮಾತ್ರವಾದರೆ ಪಾರ್ಕಿಂಗಿನಲ್ಲಿ ಇಳಿಸಿ "ಒಂದು ಗಂಟೆ ಬಿಟ್ಟು ಬನ್ನಿ" ಅಂದುಬಿಡಬಹುದು.

ದರ ಸಾಮಾನ್ಯವಾಗಿ ವಾಹನಕ್ಕೆ, ತಲೆಗಲ್ಲ. ಆರು ಜನ ಸೇರಿದರೆ ಇಬ್ಬರು ಹೋದಾಗಿನಷ್ಟು ಭಾರ ಬೀಳುವುದಿಲ್ಲ. ದರದಲ್ಲಿ ಏನೇನು ಸೇರಿದೆ ಅನ್ನುವುದನ್ನು ಮಾತ್ರ ಬರಹದಲ್ಲೇ ಪಡೆಯಿರಿ. ನಾವು ಮೊದಲು ಮಾತಾಡಿದ ಒಂದು ಕಡೆ "ಎಲ್ಲ ಸೇರಿ" ಅಂದಿದ್ದರು. ಬಿಡಿಸಿ ಕೇಳಿದಾಗ ಗೊಂಡೋಲಾ (ಬೆಟ್ಟ ಹತ್ತಿಸುವ ರೋಪ್‌ವೇ), ದೋಣಿ, ಹಿಮನದಿಯ ಟಿಕೆಟ್ಟು ಎಲ್ಲ ಬೇರೆ, ಗೈಡ್ ರಾತ್ರಿ ಉಳಿಯುವ ಕೋಣೆಯ ಖರ್ಚೂ ನಮ್ಮದೇ ಅಂತ ಗೊತ್ತಾಯಿತು. ತಪ್ಪೇನಲ್ಲ, ಆದರೆ ಮೊದಲೇ ಹೇಳಬೇಕಲ್ವಾ? ಉದ್ಯಾನದ ಪ್ರವೇಶ ಶುಲ್ಕ ಸೇರಿದೆಯಾ ಅನ್ನುವುದನ್ನೂ ಕೇಳಿ. 17 ವರ್ಷದವರೆಗಿನ ಮಕ್ಕಳಿಗೆ ಅದು ಉಚಿತ. ಇದೆಲ್ಲದರ ಮೇಲೆ ಆಲ್ಬರ್ಟಾದಲ್ಲಿ ಶೇ 5 ಜಿಎಸ್‌ಟಿ. ಗೈಡ್‌ಗೆ ಶೇ 15ರಿಂದ 20ರಷ್ಟು ಟಿಪ್ಸ್ ಕೊಡುವುದು ಅಲ್ಲಿನ ವಾಡಿಕೆ. ನಮ್ಮವರಿಗೆ ಇದು ಗಂಟಲಲ್ಲಿ ಇಳಿಯುವುದಿಲ್ಲ, ಗೊತ್ತು. ಬಜೆಟ್ಟಿನಲ್ಲಿ ಮೊದಲೇ ಸೇರಿಸಿಬಿಡಿ, ಕೊನೆಯ ದಿನ ಮುಜುಗರ ಇರುವುದಿಲ್ಲ.

ಯಾವಾಗ ಹೋಗಬೇಕು? ಇಲ್ಲಿಯ ಕೆರೆಗಳ ನೀಲಿ ಹಸಿರು ಬಣ್ಣ ನೋಡಬೇಕು ಅಂತಲೇ ಎಲ್ಲರೂ ಹೋಗುವುದು. ಆ ಬಣ್ಣ ಬರುವುದು ಹಿಮನದಿ ಬಂಡೆಯನ್ನು ಅರೆದು ಮಾಡಿದ ಸಣ್ಣ ಪುಡಿಯಿಂದ. ಹಿಮ ಕರಗಿದ ನೀರಿನ ಜೊತೆ ಆ ಪುಡಿ ಕೆರೆಗೆ ಬಂದು ತೇಲಿಕೊಂಡಿರುತ್ತದೆ, ಬೆಳಕನ್ನು ಚದುರಿಸುತ್ತದೆ. ಅಂದರೆ ಕರಗುವುದು ಜೋರಾಗಬೇಕು. ಮೇ ತಿಂಗಳಲ್ಲಿ ಶಾಲೆಗೆ ರಜೆ ಅಂತ ಹೋದರೆ ಲೇಕ್ ಲೂಯಿಸ್ ಮಂಜುಗಡ್ಡೆಯಾಗಿಯೇ ಇರುವ ಸಾಧ್ಯತೆ ಜಾಸ್ತಿ. ಮೊರೇನ್ ಲೇಕ್ ರಸ್ತೆ ತೆರೆಯುವುದೇ ಜೂನ್ ಹೊತ್ತಿಗೆ, ಮುಚ್ಚುವುದು ಅಕ್ಟೋಬರ್ ಮಧ್ಯದಲ್ಲಿ. ಜುಲೈ, ಆಗಸ್ಟ್ ಬಣ್ಣಕ್ಕೆ ಒಳ್ಳೆಯದು, ಆದರೆ ಜನಜಾತ್ರೆ. ಕಾಡ್ಗಿಚ್ಚಿನ ಹೊಗೆ ಬಂದರೆ ಬೆಟ್ಟಗಳೇ ಕಾಣುವುದಿಲ್ಲ. ಸೆಪ್ಟೆಂಬರ್ ಎರಡನೇ ಭಾಗದಲ್ಲಿ ಲಾರ್ಚ್ ಮರಗಳ ಎಲೆ ಹಳದಿಯಾಗುತ್ತದೆ. ನನ್ನನ್ನು ಕೇಳಿದರೆ ಸೆಪ್ಟೆಂಬರ್ ಮೊದಲ ವಾರಗಳೇ ವಾಸಿ. ಶಾಲೆಗೆ ಹೋಗುವ ಮಕ್ಕಳಿದ್ದರೆ ಕಷ್ಟ, ಬಿಡಿ.

ಎತ್ತರದ ಬಗ್ಗೆ ಅಪ್ಪನಿಗೆ ಭಯವಿತ್ತು, ಲಡಾಖ್‌ಗೆ ಹೋಗಿ ಬಂದವರ ಕಥೆ ಕೇಳಿ. ಇಲ್ಲಿ ಆ ಚಿಂತೆ ಬೇಡ. ಬ್ಯಾನ್ಫ್ ಪಟ್ಟಣ 1,383 ಮೀಟರ್ ಎತ್ತರದಲ್ಲಿದೆ. ನಮ್ಮ ಮುಳ್ಳಯ್ಯನಗಿರಿಯೇ 1,930 ಮೀಟರ್. ಜಾಸ್ಪರ್‌ಗೆ ಹೋಗುವ ಬೆಟ್ಟದ ರಸ್ತೆ ಐಸ್‌ಫೀಲ್ಡ್ಸ್ ಪಾರ್ಕ್‌ವೇಯ ಅತಿ ಎತ್ತರದ ಜಾಗವಾದ ಬೋ ಸಮಿಟ್ ಎರಡು ಸಾವಿರ ಮೀಟರಿಗಿಂತ ಸ್ವಲ್ಪವೇ ಮೇಲೆ. ಚಳಿಯದೇ ತಲೆನೋವು. ಜುಲೈಯಲ್ಲೂ ಹಿಮ ಬೀಳಬಹುದು. ಒಂದೇ ದಪ್ಪ ಜಾಕೆಟ್ ಬದಲು ತೆಳ್ಳಗಿನವು ಎರಡು ಮೂರು, ಮೇಲೊಂದು ಮಳೆ ಕೋಟು ಇಟ್ಟುಕೊಳ್ಳಿ.

ಇನ್ನು ಜಾಗಗಳ ವಿಷಯ. ಮೊರೇನ್ ಲೇಕ್‌ಗೆ ಬೆಳಗಿನ ಜಾವವೇ ಹೋಗಿ. ಗೈಡ್ ಹೀಗೆ ಹೇಳಿದಾಗ ಅಮ್ಮ ಗೊಣಗಿದರು, ಹೋದ ಮೇಲೆ ಸುಮ್ಮನಾದರು. ಕೆರೆಯ ಹಿಂದಿನ ಹತ್ತು ಶಿಖರಗಳ ಮೇಲೆ ಮೊದಲ ಬಿಸಿಲು ಬೀಳುವುದನ್ನು ನೋಡಲು ಕಲ್ಲುಗುಡ್ಡೆ ಹತ್ತಬೇಕು. ದಾರಿ ಚಿಕ್ಕದು, ಆದರೆ ಮೆಟ್ಟಿಲುಗಳಿವೆ. ಮಂಡಿ ನೋವಿರುವವರು ಕೆಳಗೆ ದಡದಲ್ಲೇ ಕೂರಬಹುದು, ನಷ್ಟವೇನಿಲ್ಲ. ಇದೇ ನೋಟ ಕೆನಡಾದ ಹಳೆಯ 20 ಡಾಲರ್ ನೋಟಿನ ಹಿಂಬದಿಯಲ್ಲಿತ್ತು. ಅಲ್ಲಿಂದ ಮೇಲಕ್ಕೆ ಲಾರ್ಚ್ ವ್ಯಾಲಿಗೆ ನಡೆಯುವ ದಾರಿಯಿದೆ. ಕರಡಿ ಓಡಾಟ ಇರುವಾಗ ಅಲ್ಲಿ ಕನಿಷ್ಠ ನಾಲ್ವರು ಒಟ್ಟಾಗಿಯೇ ನಡೆಯಬೇಕು ಅಂತ ನಿಯಮ ಹಾಕುತ್ತಾರೆ, ಇಬ್ಬರೇ ಹೋಗುವವರು ಗಮನಿಸಿ. ಲೇಕ್ ಲೂಯಿಸ್‌ನಲ್ಲಿ ಕೆರೆಯ ಪಕ್ಕದ ದಾರಿ ಸಮತಟ್ಟು, ಗಾಲಿಕುರ್ಚಿಯೂ ಹೋಗುತ್ತದೆ. ಹಿರಿಯರಿಗೆ ಇಡೀ ಪ್ರವಾಸದಲ್ಲಿ ಅತಿ ಸುಖದ ನಡಿಗೆ ಅದೇ.

ಯೋಹೋವನ್ನು ಬಹಳ ಜನ ಬಿಟ್ಟುಬಿಡುತ್ತಾರೆ. ಬಿಡಬೇಡಿ. ಲೇಕ್ ಲೂಯಿಸ್‌ನಿಂದ ಹತ್ತಿರವೇ, ಪ್ರಾಂತ್ಯದ ಗಡಿ ದಾಟಿ ಪಕ್ಕದ ಬ್ರಿಟಿಷ್ ಕೊಲಂಬಿಯಾಕ್ಕೆ ಹೋದರೆ ಆಯಿತು. ಎಮರಾಲ್ಡ್ ಲೇಕ್‌ನಲ್ಲಿ ಜನ ಕಡಿಮೆ. ಟಕಾಕಾ ಜಲಪಾತದ ಒಟ್ಟು ಎತ್ತರ 373 ಮೀಟರ್, ಜೋಗಕ್ಕಿಂತ ಜಾಸ್ತಿ. ಆದರೆ ಮಳೆಗಾಲದ ಜೋಗ ನೋಡಿದವರಿಗೆ ನೀರು ಸಣ್ಣದು ಅನ್ನಿಸಬಹುದು. ಅಪ್ಪ ಹಾಗೇ ಅಂದರು, ಸಾಗರದವರು ಅವರು. ಅಲ್ಲಿಗೆ ಹೋಗುವ ರಸ್ತೆಯ ತಿರುವುಗಳು ಎಷ್ಟು ಬಿಗಿ ಅಂದರೆ ದೊಡ್ಡ ವಾಹನಗಳು ಒಂದು ತಿರುವಿನಲ್ಲಿ ಹಿಂದೆ ಮುಂದೆ ಮಾಡಿಯೇ ಮೇಲೇರಬೇಕು. ಮಗಳಿಗೆ ಎಲ್ಲಕ್ಕಿಂತ ಇಷ್ಟವಾದದ್ದು ಸುರುಳಿ ಸುರಂಗಗಳು. ಇಳಿಜಾರು ತೀರಾ ಕಡಿದಾಗಿತ್ತು ಅಂತ 1909ರಲ್ಲಿ ಬೆಟ್ಟದೊಳಗೆ ಸುತ್ತು ಹಾಕಿಸಿ ರೈಲು ಹಳಿ ಇಳಿಸಿದ್ದಾರೆ. ಗೂಡ್ಸ್ ರೈಲು ಉದ್ದವಾಗಿದ್ದರೆ ಎಂಜಿನ್ನು ಕೆಳಗಿನ ಬಾಯಿಂದ ಹೊರಬರುವಾಗ ಬಾಲ ಇನ್ನೂ ಮೇಲಿನ ಬಾಯೊಳಗೆ ಹೋಗುತ್ತಿರುತ್ತದೆ. ರೈಲು ಬರುವವರೆಗೆ ಕಾದೆವು. ಬಸ್ ಟೂರ್‌ನಲ್ಲಿ ಇದು ಆಗುವ ಮಾತಲ್ಲ.

ಲೇಕ್ ಲೂಯಿಸ್‌ನಿಂದ ಜಾಸ್ಪರ್‌ವರೆಗಿನ ಐಸ್‌ಫೀಲ್ಡ್ಸ್ ಪಾರ್ಕ್‌ವೇ ಸುಮಾರು 230 ಕಿಲೋಮೀಟರ್. ನಿಲ್ಲಿಸದೆ ಹೋದರೆ ಮೂರು ಮೂರೂವರೆ ಗಂಟೆ. ಇಡೀ ದಿನ ಇಡಿ. ದಾರಿಯ ಬಹುಪಾಲು ಮೊಬೈಲ್ ಸಿಗ್ನಲ್ ಇಲ್ಲ. ನಡುವೆ ಪೆಟ್ರೋಲ್ ಸಿಗುವುದು ಸಸ್ಕ್ಯಾಚುವನ್ ಕ್ರಾಸಿಂಗ್‌ನಲ್ಲಿ, ಅದೂ ಸೀಸನ್ನಿನಲ್ಲಿ. ಶೌಚಾಲಯಗಳಿವೆ, ಆದರೆ ಹೆಚ್ಚಿನವು ನೀರಿಲ್ಲದ ಗುಂಡಿ ಶೌಚಾಲಯಗಳು. ಇದನ್ನು ಯಾರೂ ಮೊದಲೇ ಹೇಳುವುದಿಲ್ಲ, ಅದಕ್ಕೇ ಬರೆಯುತ್ತಿದ್ದೇನೆ. ಒಂದು ಬಾಟಲಿ ನೀರು, ಟಿಶ್ಯೂ, ಸ್ಯಾನಿಟೈಸರ್ ಕೈಚೀಲದಲ್ಲೇ ಇರಲಿ.

ಈ ದಾರಿಯಲ್ಲಿ ನಾವು ಆರಿಸಿಕೊಂಡದ್ದು ಪೇಟೋ ಲೇಕ್, ಅಥಬಾಸ್ಕಾ ಹಿಮನದಿ, ಅಥಬಾಸ್ಕಾ ಜಲಪಾತ. ಹಿಮನದಿಯ ಮೇಲೆ ದೊಡ್ಡ ಚಕ್ರದ ಐಸ್ ಎಕ್ಸ್‌ಪ್ಲೋರರ್ ಗಾಡಿಯಲ್ಲಿ ಕರೆದುಕೊಂಡು ಹೋಗುತ್ತಾರೆ. ಹಿರಿಯರಿಗೆ ಅದು ಸರಿ, ನಡೆಯಬಲ್ಲವರು ತರಬೇತಿ ಪಡೆದ ಗೈಡ್ ಜೊತೆ ಮಂಜಿನ ಮೇಲೆ ನಡೆದೂ ಹೋಗಬಹುದು. ಆದರೆ ಕೆಳಗಿನಿಂದ ಹಿಮನದಿಯ ಬುಡಕ್ಕೆ ನಡೆದುಹೋಗುವ ದಾರಿಯನ್ನು ತಪ್ಪಿಸಬೇಡಿ. ಯಾವ ವರ್ಷ ಹಿಮ ಎಲ್ಲಿಯವರೆಗೆ ಇತ್ತು ಅಂತ ಅಲ್ಲಲ್ಲಿ ಇಸವಿ ಬರೆದ ಗುರುತುಗಳಿವೆ. ನೂರಿಪ್ಪತ್ತೈದು ವರ್ಷಗಳಲ್ಲಿ ಒಂದೂವರೆ ಕಿಲೋಮೀಟರಿಗಿಂತ ಜಾಸ್ತಿ ಹಿಂದೆ ಸರಿದಿದೆ. ನಾನು ಹುಟ್ಟಿದ ವರ್ಷದ ಹೊತ್ತಿಗೆ ಮಂಜು ಇದ್ದ ಜಾಗದಲ್ಲಿ ಈಗ ಬರೀ ಕಲ್ಲು. ಹಗ್ಗ ಕಟ್ಟಿದ ಗಡಿ ದಾಟಿ ಮಂಜಿನ ಮೇಲೆ ಹೋಗಬೇಡಿ. ಮೇಲೆ ಹಿಮ ಮುಚ್ಚಿಕೊಂಡ ಬಿರುಕುಗಳಿಗೆ ಬಿದ್ದು ಸತ್ತವರಿದ್ದಾರೆ.

ಈ ಹಿಮನದಿಯ ಮೇಲಿರುವ ಕೊಲಂಬಿಯಾ ಹಿಮಬಯಲಿನ ನೀರು ಪೆಸಿಫಿಕ್, ಆರ್ಕ್ಟಿಕ್, ಹಡ್ಸನ್ ಕೊಲ್ಲಿಯ ಮೂಲಕ ಅಟ್ಲಾಂಟಿಕ್ ಹೀಗೆ ಮೂರು ಕಡೆ ಹೋಗುತ್ತದೆ. ಸಕಲೇಶಪುರದ ಕಡೆ ಮಂಕನಹಳ್ಳಿಯಲ್ಲಿ ಮಳೆನೀರು ಅರಬ್ಬಿ ಸಮುದ್ರಕ್ಕೂ ಬಂಗಾಳ ಕೊಲ್ಲಿಗೂ ಪಾಲಾಗುವ ದಿಬ್ಬ ಇದೆಯಲ್ಲ, ಅದರ ಬಗ್ಗೆ ಅಪ್ಪ ಗೈಡ್‌ಗೆ ಹೇಳಿದರು. ಆತ ಪುಸ್ತಕ ತೆಗೆದು ಹೆಸರು ಬರೆದುಕೊಂಡ. ಒಳ್ಳೆಯ ಗೈಡ್ ಅಂದರೆ ಹೀಗೆ, ಕೇಳಿಸಿಕೊಳ್ಳಲೂ ಗೊತ್ತಿರಬೇಕು.

ಪ್ರಾಣಿಗಳ ವಿಷಯಕ್ಕೆ ನಿಯಮ ಸರಳ. ಕರಡಿ, ತೋಳದಿಂದ 100 ಮೀಟರ್ ದೂರ. ಎಲ್ಕ್, ಜಿಂಕೆ, ಮೂಸ್‌ನಿಂದ 30 ಮೀಟರ್. ತಿನ್ನಲು ಏನೂ ಹಾಕಬಾರದು, ಭಾರಿ ದಂಡವಿದೆ. ಅನುಮತಿಯಿಲ್ಲದೆ ಡ್ರೋನ್ ಹಾರಿಸುವಂತಿಲ್ಲ, ಮನೆಯಲ್ಲೇ ಬಿಟ್ಟು ಬನ್ನಿ. ರಸ್ತೆ ಪಕ್ಕ ಕರಡಿ ಕಂಡರೆ ವ್ಯಾನಿನಿಂದ ಇಳಿಯಬೇಡಿ. ಕರಡಿಗೆ ಹೊಡೆಯುವ ಖಾರದ ಸ್ಪ್ರೇಯನ್ನು ವಿಮಾನದಲ್ಲಿ ತರುವಂತಿಲ್ಲ, ಗೈಡ್ ಬಳಿ ಇರುತ್ತದೆ. ಹೆದ್ದಾರಿಯ ಮೇಲೆ ಮರಗಿಡ ಬೆಳೆಸಿದ ಸೇತುವೆಗಳು ಕಾಣುತ್ತವೆ. ಪ್ರಾಣಿಗಳು ದಾಟಲಿಕ್ಕೆಂದೇ ಕಟ್ಟಿದ್ದು. ಬ್ಯಾನ್ಫ್‌ನಲ್ಲಿ ಇಂಥ ಮೇಲ್ಸೇತುವೆ ಆರು, ರಸ್ತೆಯಡಿಯ ದಾರಿಗಳು ಮೂವತ್ತಕ್ಕೂ ಹೆಚ್ಚು. ಬಂಡೀಪುರದ ರಾತ್ರಿ ಸಂಚಾರದ ಜಗಳ ನೆನಪಿದ್ದವರಿಗೆ ನೋಡಲು ಚೆನ್ನಾಗಿದೆ.

ಜಾಸ್ಪರ್‌ನಲ್ಲಿ 2024ರ ಜುಲೈನ ಕಾಡ್ಗಿಚ್ಚಿಗೆ ಪಟ್ಟಣದ ಸುಮಾರು ಮೂರನೇ ಒಂದು ಭಾಗದ ಕಟ್ಟಡಗಳು ಸುಟ್ಟುಹೋದವು. ಸುಟ್ಟ ಕಾಡು ರಸ್ತೆಯ ಎರಡೂ ಕಡೆ ಕಾಣುತ್ತದೆ. ಹಾಗಂತ ಜಾಸ್ಪರ್ ಬಿಡಬೇಕಿಲ್ಲ. ಮಲೀನ್ ಕೆರೆಯ ದೋಣಿ ಸವಾರಿ ಒಂದೇ ಸಾಕು ಅಲ್ಲಿಗೆ ಹೋಗಲು. ಊರಿನವರಿಗೂ ಪ್ರವಾಸಿಗಳು ಬೇಕು. ಆದರೆ ಹೋಟೆಲ್ ಕೋಣೆ ಬೇಗ ಕಾದಿರಿಸಿ, ಯಾವ ನಡಿಗೆ ದಾರಿ ತೆರೆದಿದೆ ಅಂತ ಗೈಡ್‌ನ ಕೇಳಿಯೇ ಪಟ್ಟಿ ಮಾಡಿ. ಬ್ಯಾನ್ಫ್ ಕಡೆ ಕೋಣೆ ದುಬಾರಿ ಅನ್ನಿಸಿದರೆ ಉದ್ಯಾನದ ಹೊರಗಿನ ಕ್ಯಾನ್ಮೋರ್ ನೋಡಿ, ಇಪ್ಪತ್ತು ಇಪ್ಪತ್ತೈದು ನಿಮಿಷದ ದಾರಿ.

ಊಟಕ್ಕೆ ತೊಂದರೆಯಿಲ್ಲ. ಬ್ಯಾನ್ಫ್, ಕ್ಯಾನ್ಮೋರ್, ಜಾಸ್ಪರ್ ಮೂರರಲ್ಲೂ ಭಾರತೀಯ ಹೋಟೆಲುಗಳಿವೆ. ಕಷ್ಟ ಬರುವುದು ಮಧ್ಯಾಹ್ನದ ಹೊತ್ತು, ಪಾರ್ಕ್‌ವೇ ಮೇಲೆ. ಗೈಡ್ ತರುವ ಬುತ್ತಿ ಸಸ್ಯಾಹಾರಿಯಾಗಿರಲಿ, ಮೊಟ್ಟೆಯೂ ಬೇಡ ಅಂತ ಬಿಡಿಸಿ ಬರೆಯಿರಿ. ಅಲ್ಲಿ ಸಸ್ಯಾಹಾರ ಅಂದರೆ ಮೊಟ್ಟೆ ಸೇರಿಯೇ ಇರುತ್ತದೆ. ಅಮ್ಮ ಚಟ್ನಿಪುಡಿ, ಅವಲಕ್ಕಿ ತಂದಿದ್ದರು. ಕ್ಯಾಲ್ಗರಿಯಲ್ಲಿ ಇಳಿದಾಗ ತಿಂಡಿ ತಂದಿದ್ದನ್ನು ಮುಚ್ಚಿಡದೆ ಹೇಳಿಬಿಡಿ, ಹೇಳಿದರೆ ತಂಟೆಯಿಲ್ಲ.

ವೀಸಾ ಮೊದಲ ಕೆಲಸ, ಟೂರ್ ಮುಂಗಡ ಆಮೇಲೆ. ಮುಂಗಡ ಕೊಡುವ ಮುಂಚೆ ಒಂದು ಪ್ರಶ್ನೆ ಕೇಳಿ ಲಿಖಿತ ಉತ್ತರ ತಗೊಳ್ಳಿ: ಬೆಂಕಿ, ಹೊಗೆ, ಹಿಮದಿಂದ ರಸ್ತೆ ಮುಚ್ಚಿದರೆ ದುಡ್ಡು ವಾಪಸ್ಸೋ, ಬದಲಿ ದಾರಿಯೋ? ಎಡ್ಮಂಟನ್‌ನಿಂದ ವಿಮಾನ ಹತ್ತಿದರೆ ಜಾಸ್ಪರ್‌ನಿಂದ ಬಂದ ದಾರಿಯಲ್ಲೇ ಮತ್ತೆ ಕ್ಯಾಲ್ಗರಿಗೆ ನಾಲ್ಕು ನೂರು ಕಿಲೋಮೀಟರ್ ತಿರುಗಿ ಹೋಗುವುದು ತಪ್ಪುತ್ತದೆ. ಆದರೆ ಗೈಡ್ ಖಾಲಿ ವ್ಯಾನು ಓಡಿಸಿಕೊಂಡು ಹಿಂದಿರುಗುವ ಖರ್ಚನ್ನೂ ಬಿಲ್ಲಿಗೆ ಸೇರಿಸಬಹುದು. ಎರಡೂ ಲೆಕ್ಕ ಹಾಕಿಸಿ ನೋಡಿ, ಆಮೇಲೆ ಟಿಕೆಟ್ ಮಾಡಿಸಿ.