ಹುಲ್ಲು ತೋರಿಸಿದರೆ ಸಾಕ್ಷಿ ಆಗುತ್ತಾ?

ಜುಲೈ 14, 2024, ಭಾನುವಾರ

ಭಾವ ಬಂದಿದ್ದರು. ಅವರ ಮಗಳು ಡಾಕ್ಯುಮೆಂಟರಿ ಮಾಡ್ತೀನಿ ಅಂತ ಹಟ ಹಿಡಿದಿದ್ದಾಳೆ. ತಲೆ ಕೆಡಿಸಿದ್ದು ನಾನೇ ಅಂತ ಸಿಟ್ಟು. "ಸಿನಿಮಾ ಅಂದಿದ್ರೂ ಸರಿ ಅನ್ನಬಹುದಿತ್ತು. ಇದ್ಯಾವ ಕಸುಬು?"

ಅಮರ್ ಕನ್ವರ್ ಹೆಸರು ಹೇಳಿದೆ. ಡಾಕ್ಯುಮೆಂಟರಿ ಮಾಡುವವರು, ದೆಹಲಿಯವರು, ಅಲ್ಲಿನ ಜಾಮಿಯಾ ವಿಶ್ವವಿದ್ಯಾಲಯದಲ್ಲಿ ಓದಿದವರು. ಒಂದೆರಡು ಚಿತ್ರ ಮಾಡಿ, ಕ್ಯಾಮೆರಾ ಬದಿಗಿಟ್ಟು, ಮಧ್ಯಪ್ರದೇಶದ ಕಲ್ಲಿದ್ದಲು ಗಣಿ ಕಾರ್ಮಿಕರ ಆರೋಗ್ಯದ ಮೇಲೆ ಸಂಶೋಧನೆ ಮಾಡಿದರು. 1990ರಲ್ಲಿ ಮತ್ತೆ ಸಿನಿಮಾಗೆ ಬಂದರು. 2002ರಿಂದ 2017ರವರೆಗೆ ಜರ್ಮನಿಯಲ್ಲಿ ಐದು ವರ್ಷಕ್ಕೊಮ್ಮೆ ನಡೆಯುವ ಡಾಕ್ಯುಮೆಂಟಾ ಕಲಾ ಪ್ರದರ್ಶನದಲ್ಲಿ ಸತತ ನಾಲ್ಕು ಸಲ ಇದ್ದರು. ಜರ್ಮನಿ ಅಂದ ಕೂಡಲೇ ಭಾವ ಸ್ವಲ್ಪ ಮೆತ್ತಗಾದರು.

"ಅಂಥದ್ದೇನು ತೆಗೀತಾರೆ?"

ಒಡಿಶಾದ ಚಿತ್ರದ ಬಗ್ಗೆ ಹೇಳಿದೆ. 42 ನಿಮಿಷ. ಗಾಳಿಗೆ ಬಾಗುವ ಹುಲ್ಲು, ನೀರು, ಮರ. ಹೆಚ್ಚುಕಮ್ಮಿ ಎಲ್ಲವೂ ಕೈಗಾರಿಕೆಗೆ ಅಂತ ಗುರುತು ಹಾಕಿದ್ದ ನೆಲದ್ದೇ. ಹೆಸರು 'ದಿ ಸೀನ್ ಆಫ್ ಕ್ರೈಮ್', ಅಪರಾಧ ನಡೆದ ಜಾಗ ಅಂತ.

"ಲಾಠಿ ಇಲ್ಲ, ರಕ್ತ ಇಲ್ಲ. ಹುಲ್ಲು ತೋರಿಸಿದರೆ ಯಾವ ಕೋರ್ಟು ಒಪ್ಪುತ್ತೆ?" ವಕೀಲರಲ್ವಾ, ಹಾಗೇ ಕೇಳ್ತಾರೆ.

ಆದರೆ ಅವರ ಪ್ರಶ್ನೆಯೇ ಕನ್ವರ್ ಪ್ರಶ್ನೆ ಕೂಡ. ಹೋದ ಮೇಲೆ ಏನು ಹೋಯಿತು ಅಂತ ತೋರಿಸೋದು ಹೇಗೆ? ಅದಕ್ಕೇ ಪ್ರದರ್ಶನದಲ್ಲಿ ಆ ಚಿತ್ರದ ಜೊತೆ 272 ನಾಟಿ ಭತ್ತದ ತಳಿಗಳ ಬೀಜ ಇಟ್ಟರು. ಅದೂ ಸಾಕ್ಷಿಯೇ.

ಭತ್ತ ಅಂದದ್ದೇ ತಡ, ಭಾವ ಬೇರೆ ಮನುಷ್ಯ ಆಗಿಬಿಟ್ಟರು. "ಇನ್ನೂರ ಎಪ್ಪತ್ತೆರಡಾ?" ಅಂತ ಬೆರಳು ಮಡಿಚಿದರು. ರಾಜಮುಡಿ, ರತ್ನಚೂಡಿ, ಗಂಧಸಾಲೆ... ಹೆಬ್ಬೆರಳಿನಿಂದ ಉಂಗುರದ ಬೆರಳು ಒತ್ತಿಕೊಂಡು ಕೂತರು. ಮುಂದಿನದು ಬಾಯಿಗೆ ಬರಲಿಲ್ಲ. ಆಮೇಲೆ ಬಸ್ಸಿಗೆ ಹೊತ್ತಾಯಿತು ಅಂತ ಎದ್ದರು.

ನನಗೆ ಜರ್ಮನಿಗಿಂತ ಜಾಸ್ತಿ ಇಷ್ಟ ಆಗೋದು ಭುವನೇಶ್ವರ. 2012ರಲ್ಲೇ ಒಡಿಶಾದ ಈ ಕೆಲಸವನ್ನ ಕನ್ವರ್ ಅಲ್ಲಿ ತೆರೆದಿಟ್ಟರು. ಜನ ತಮ್ಮ ಹತ್ತಿರ ಇರುವ ಸಾಕ್ಷಿಯನ್ನೂ ತಂದು ಸೇರಿಸಬಹುದಿತ್ತು. ಯಾರ ನೆಲವೋ ಅವರ ಎದುರಿಗೇ ಇಡೋದಕ್ಕೆ ಧೈರ್ಯ ಬೇಕು. ಪರದೇಶದ ಚಪ್ಪಾಳೆ ಸುಲಭ.

ಬರ್ಮಾದ ಮೇಲೆ ಅವರು ಮಾಡಿದ ಕೆಲಸವೂ ಈಗ ನೆನಪಾಗುತ್ತಿದೆ. ಸೇನಾ ಸರ್ಕಾರದ ಘೋಷಣೆ ಅಚ್ಚಾದ ಮೊದಲ ಪುಟವನ್ನು ಹರಿದು ಪುಸ್ತಕ ಮಾರುತ್ತಿದ್ದ ಮಂಡಲೆಯ ಒಬ್ಬ ವ್ಯಾಪಾರಿ, ಅಷ್ಟಕ್ಕೇ ಜೈಲಿಗೆ ಹೋದ. ಕನ್ವರ್ ಅವನಿಗೆ ಅಂತಲೇ 19 ಪರದೆಗಳ ವೀಡಿಯೊ ಕೃತಿ ಮಾಡಿದರು. ಒಂದು ಪುಟ ಹರಿದವನಿಗೆ!

ಇದೆಲ್ಲ ಸರಿ. ದುಡ್ಡಿನ ಮಾತಿಗೆ ಮಾತ್ರ ನನ್ನ ಹತ್ತಿರ ಉತ್ತರ ಇಲ್ಲ. ಶುರುವಿನ ವರ್ಷಗಳಲ್ಲಿ ಹುಡುಗಿಯ ಬಾಡಿಗೆ ಯಾರು ಕಟ್ಟೋದು? ಮದುವೆ ವೀಡಿಯೊ ಮಾಡು ಅಂದರೆ ಮೂತಿ ತಿರುವುತ್ತಾಳೆ. ಕೀಳು ಕೆಲಸವೇನಲ್ಲ ಅದು, ಲೈಟು, ಸೌಂಡು ಎಲ್ಲ ಕೈಗೆ ಹತ್ತುತ್ತೆ, ಆದರೆ ಅದರಲ್ಲೇ ಉಳಿದುಬಿಟ್ಟರೆ...